ಬಿಡುವಿಲ್ಲದ ಸಾಲು

ವಾದ್ಯವೃಂದದಲ್ಲಿ ಹಾರ್ನ್ ಊದುವ ವಲೇರಿಯನ್‌ಗೆ, ತನ್ನ ಸರದಿ ಬರುವವರೆಗಿನ ಬಿಡುವನ್ನು ತೊಡೆಯ ಮೇಲೆ ಬೆರಳು ಬಡಿದು ಎಣಿಸುವ ಅಭ್ಯಾಸ. ಇಪ್ಪತ್ತು ವರ್ಷ ಹಾಗೆ ಎಣಿಸಿ ಬೇಸತ್ತು, ಈಗ ಸ್ವತಃ ಒಂದು ಸಂಗೀತಕೃತಿ ಬರೆದು ಮುಗಿಸಿದ್ದ. ಹಾಳೆ ನೋಡಿದ ಹಾರ್ನ್, ಅದನ್ನು ಬರೆದ ಪೆನ್ಸಿಲನ್ನು ಕರೆಯಿತು.

"ಪೆನ್ಸಿಲಣ್ಣ, ನನ್ನ ಸಾಲಿನಲ್ಲಿ ಒಂದೂ ಬಿಡುವಿಲ್ಲವಲ್ಲ!"

"ಸುಮ್ಮನೆ ಕೂತು ಸಾಕಾಯ್ತು ಅಂತ ಅತ್ತಿದ್ದು ನೀನೇ ಅಲ್ವಾ? ಈಗ ಮೊದಲಿಂದ ಕೊನೆವರೆಗೂ ನಿಂದೇ ದರ್ಬಾರು."

"ನನಗೇನು, ನಾನು ಹಿತ್ತಾಳೆ. ಆ ಬಿಡುವಿನಲ್ಲೇ ಅಲ್ಲವೇ ಅವನು ಉಸಿರೆಳೆದುಕೊಳ್ಳುತ್ತಿದ್ದದ್ದು?"

ವಲೇರಿಯನ್ ಪೆನ್ಸಿಲನ್ನು ಡಬ್ಬಿಗೆ ಹಾಕಿ ಮುಚ್ಚಿ, ಹಾರ್ನನ್ನು ತುಟಿಗಿಟ್ಟ. ಎರಡನೇ ಸಾಲಿಗೇ ಅವನ ಕತ್ತಿನ ನರಗಳು ಉಬ್ಬಿದವು. ಮುಂದೆ ಇನ್ನೂ ಹತ್ತು ಪುಟಗಳಿದ್ದವು.

"ಅಣ್ಣಾ, ಹೊರಗೆ ಬಾರೋ," ಹಾರ್ನ್ ನಡುಗಿತು, "ಒಂದೇ ಒಂದು ಬಿಡುವು ಬರೆದುಬಿಡೋ!"