ಪೈಲ್ವಾನನ ಬೆನ್ನು

"ಗುರುಗಳೇ, ನಾಳೆ ಊರಿನವರು ನನ್ನನ್ನು ನ್ಯಾಯ ಹೇಳಲು ಕಟ್ಟೆಗೆ ಕರೆದಿದ್ದಾರೆ. ನನ್ನ ಕಣ್ಣಿಗೆ ಮಣ್ಣೆರಚುವವನು ಇನ್ನೂ ಹುಟ್ಟಿಲ್ಲ. ನ್ಯಾಯ ಹೇಳುವವನಿಗೆ ಕಣ್ಣು ಚುರುಕಾಗಿದ್ದರೆ ಸಾಲದೇ?" ಎಂದು ಶಿಷ್ಯ ಕೇಳಿದ.

ಗುರುಗಳು ಅವನನ್ನು ಎದುರಿಗೆ ಕೂರಿಸಿಕೊಂಡು ಹೇಳಿದರು.

ಒಂದು ಸೀಮೆಯಲ್ಲಿ ಒಬ್ಬ ಪೈಲ್ವಾನನಿದ್ದ. ಉಳಿದವರು ಒಂದು ಪೇಟಕ್ಕೋ ತೆಂಗಿನಕಾಯಿಗೋ ತೊಡೆ ತಟ್ಟುತ್ತಿದ್ದ ಕಾಲ ಅದು. ಕೂಲಿ ಕೊಟ್ಟರೆ ಮಾತ್ರ ಅಖಾಡಕ್ಕೆ ಇಳಿಯುತ್ತೇನೆ ಎಂದವರಲ್ಲಿ ಇವನೇ ಮೊದಲಿಗ. ಹಾಗೆನ್ನಲು ಅವನಿಗೆ ಎದೆಯೂ ಇತ್ತು, ತೋಳೂ ಇತ್ತು. ಹನ್ನೆರಡು ವರ್ಷ ಅವನ ಬೆನ್ನಿಗೆ ಮಣ್ಣು ಮುಟ್ಟಲಿಲ್ಲ.

ಆ ಸೀಮೆಯ ಕುಸ್ತಿಗೆ ಒಂದು ಕಟ್ಟಳೆ. ಎರಡೂ ಹೆಗಲಿನ ಹಿಂಭಾಗಕ್ಕೆ ಮಣ್ಣು ಹತ್ತಿದವನು ಸೋತ. ಪಂಚನಾದವನು ಬೆನ್ನು ನೋಡಿ ತೀರ್ಪು ಹೇಳಬೇಕು. ಗೆದ್ದವನು ಬಾಗಿ ಅಖಾಡದ ಮಣ್ಣನ್ನು ಹಣೆಗೆ ಹಚ್ಚಿಕೊಳ್ಳಬೇಕು.

ಹದಿಮೂರನೆಯ ವರ್ಷ ಒಬ್ಬ ಕುಂಬಾರ ಎದುರಾದ. ಚಕ್ರದಿಂದ ಮಡಕೆ ಇಳಿಸಿದಷ್ಟು ಸಲೀಸಾಗಿ ಪೈಲ್ವಾನನನ್ನು ಎತ್ತಿ ಅಂಗಾತ ಕೆಡವಿದ. ಧೂಳೆದ್ದಿತು. ಪಂಚನಿಗೆ ಕಾಣಲಿಲ್ಲ. ಪೈಲ್ವಾನನ ಕಡೆಯವರು ನುಗ್ಗಿ, ಎಬ್ಬಿಸುವ ನೆಪದಲ್ಲಿ ಅವನ ಬೆನ್ನು ಒರೆಸಿಬಿಟ್ಟರು. ಕುಂಬಾರ ಗೆದ್ದೆನೆಂದು ಮಣ್ಣು ಮುಟ್ಟಲು ಬಾಗಿದ್ದ. ಪೈಲ್ವಾನ ಹಿಂದಿನಿಂದ ಹಿಡಿದು ಅವನನ್ನು ಅಂಗಾತ ಮಲಗಿಸಿದ. ಪಂಚ ಪೈಲ್ವಾನನೇ ಗೆದ್ದನೆಂದ.

"ಅಣ್ಣಾ, ನಿನ್ನ ಬೆನ್ನು ನಿನಗೆ ಗೊತ್ತು," ಎಂದ ಕುಂಬಾರ.

"ನನಗೆ ಗೊತ್ತಿದ್ದರೇನೋ? ಪಂಚರಿಗೆ ಕಾಣಬೇಕಲ್ಲ! ಹೋಗು, ಮಡಕೆ ತಟ್ಟು ಹೋಗು," ಎಂದು ಪೈಲ್ವಾನ ನಕ್ಕ. ಊರೆಲ್ಲ ನಕ್ಕಿತು. ಕುಂಬಾರ ಬೆನ್ನಿನ ಮಣ್ಣು ತೊಳೆಯದೆ ಹೊರಟುಹೋದ.

ಮಂಡಿ ಸೋತ ಮೇಲೆ ಪೈಲ್ವಾನ ತಾನೇ ಪಂಚನಾದ. ಅಂಥ ಪಂಚನನ್ನು ಆ ಸೀಮೆ ಕಂಡಿರಲಿಲ್ಲ. ಸಾಸಿವೆಯಷ್ಟು ಮಣ್ಣೂ ಅವನ ಕಣ್ಣು ತಪ್ಪಿಸುತ್ತಿರಲಿಲ್ಲ.

ಮೊದಲ ತೀರ್ಪು ಹೇಳಿ ಬಂದ ದಿನ, ಬೆನ್ನಿಗೆ ನೀರು ಹಾಕುತ್ತಿದ್ದ ಹೆಂಡತಿ ಕೈ ನಿಲ್ಲಿಸಿದಳು. "ಏನ್ರೀ ಇದು? ಈ ವಯಸ್ಸಿನಲ್ಲಿ ಮತ್ತೆ ಕುಸ್ತಿಗೆ ಇಳಿದಿರಾ?"

"ನಿಂತಲ್ಲೇ ನಿಂತಿದ್ದೆ ಕಣೇ."

ಅವಳು ಬೆರಳಿಗೆ ಹತ್ತಿದ ಮಣ್ಣನ್ನು ಮೂಸಿ ನೋಡಿದಳು. ಅರಿಸಿನ, ಎಣ್ಣೆ, ಮಜ್ಜಿಗೆ. ಅಖಾಡದ ಮಣ್ಣೇ. ಎರಡೂ ಹೆಗಲಿಗೆ ಹತ್ತಿತ್ತು.

ತೊಳೆದಳು. ಮುಂದಿನ ತೀರ್ಪಿಗೆ ಮತ್ತೆ ಬಂತು. ತೀರ್ಪು ಎಷ್ಟು ಸರಿಯೋ ಮಣ್ಣು ಅಷ್ಟು ದಪ್ಪ. ಅವನು ಅಂಗಿಯ ಮೇಲೆ ಅಂಗಿ ತೊಟ್ಟ, ಕಂಬಳಿ ಹೊದ್ದ. ಮನೆಗೆ ಬಂದು ಬಿಚ್ಚಿದರೆ ಕಂಬಳಿ ಒಣಗಿರುತ್ತಿತ್ತು, ಒಳಗೆ ಬೆನ್ನು ಹಸಿಯಾಗಿರುತ್ತಿತ್ತು.

ಒಂದು ಮಧ್ಯಾಹ್ನ ದೊಡ್ಡ ಕುಸ್ತಿ ನಡೆಯಿತು. ಒಬ್ಬ ಅಂಗಾತ ಬಿದ್ದ. ಧೂಳೆದ್ದಿತು. ಅವನ ಕಡೆಯವರು ನುಗ್ಗಿ ಬೆನ್ನು ಒರೆಸಿದರು. ಕೆಡವಿದವನು ಮಣ್ಣು ಮುಟ್ಟಲು ಬಾಗಿದ. ಪಂಚ ಎಲ್ಲವನ್ನೂ ಕಂಡ. "ನಿಲ್ಲಿ! ಬೆನ್ನಿಗೆ ಮಣ್ಣು ಹತ್ತಿದವನು..." ಎಂದು ಕೈಯೆತ್ತಿದ.

ಮಾತು ಅಲ್ಲಿಗೇ ನಿಂತಿತು. ಅವನ ಹಿಂದೆ ಕೂತಿದ್ದವರು ಒಬ್ಬೊಬ್ಬರಾಗಿ ಏಳುತ್ತಿದ್ದರು. ಕಂಬಳಿಯ ಅಂಚಿನಿಂದ ಕೆಸರು ತೊಟ್ಟಿಕ್ಕುತ್ತಿತ್ತು. ತಟ್ಟನೆ ತಿರುಗಿದ. ಈ ಕಡೆಯವರೂ ಎದ್ದರು. ಸುತ್ತಲೂ ಜನ, ಎತ್ತ ತಿರುಗಿದರೂ ಬೆನ್ನು ಯಾರಿಗಾದರೂ ಕಾಣಲೇಬೇಕು. ಒಬ್ಬ ಮುದುಕ ಮಾತ್ರ ಅವನಿಗೆ ಬೆನ್ನು ಮಾಡಿ ಕೂತಿದ್ದ. ಬರಿಯ ಬೆನ್ನು. ಅದರ ಮೇಲೆ ಒಣಗಿ ಬಿರಿದ ಹಳೆಯ ಮಣ್ಣು.

'ಅಂದು ಸೋತವನು ನಾನು' ಎಂಬ ಒಂದು ಮಾತು ಬಾಯಿಗೆ ಬಂದಿತ್ತು. ಆಡಲಿಲ್ಲ. ನಿಂತಲ್ಲೇ ಸುತ್ತುತ್ತಿದ್ದ. ಜನ ಚದುರಿದರು. ಗೆದ್ದವನು ಬಾಗಿಯೇ ತೀರ್ಪಿಗೆ ಕಾದ. ಅದು ಬರಲೇ ಇಲ್ಲ.

ಶಿಷ್ಯ ಎದ್ದು ಕೈಮುಗಿದ. "ಆದರೆ ಗುರುಗಳೇ, ಅವನು ಹೇಳಹೊರಟದ್ದು ಸರಿಯಾದ ತೀರ್ಪೇ ಅಲ್ಲವೇ?"

"ಸರಿಯಾದದ್ದೇ. ಹೊರಡುವ ಮುನ್ನ ಒಮ್ಮೆ ಆ ಕಡೆ ತಿರುಗಿ ನಿಲ್ಲು, ಮಗು."

ಶಿಷ್ಯ ಗೋಡೆಗೆ ಬೆನ್ನೊತ್ತಿ ನಿಂತ.