ಮರಳಿನಿಂದ ಎದ್ದು ಬಂದ ಅಕ್ಕ

ಹೊಳೆಯ ಆಚೆ ದಡದಲ್ಲಿ ರೇವಯ್ಯನವರ ಮಠ. ಅಲ್ಲಿ ಕಲಿಸುತ್ತಿದ್ದದ್ದು ಒಂದೇ ವಿದ್ಯೆ. ಒದ್ದೆ ಮರಳನ್ನು ಅಂಗೈಯಲ್ಲಿ ಹಿಡಿದು, ಬೇಕಾದ್ದನ್ನು ಮನಸ್ಸಿನಲ್ಲಿ ಪೂರ್ತಿ ಕಂಡು, ಉಸಿರು ಊದಬೇಕು. ಕಂಡದ್ದು ಎದುರಿಗೆ ಬಂದು ನಿಲ್ಲುತ್ತಿತ್ತು.

ಪೂರ್ತಿ ಕಾಣುವುದೇನು ಸುಲಭವೇ! ಕಾಲಿಲ್ಲದ ಗಿಳಿ ಮಾಡಿ, ಅದರ ಮುಂದೆ ಕೂತು ಅತ್ತವರೂ ಇದ್ದರು.

ಮಠದಲ್ಲಿ ಎರಡು ಕಟ್ಟಳೆ. ಮನುಷ್ಯರನ್ನು ಮಾಡಬಾರದು. ಮಾಡಿದ್ದನ್ನು ಮಾಡಿದವನೇ ಕಳಿಸಿಕೊಡಬೇಕು. ಅವನು ಹೋಗು ಎಂದರೆ ಅದು ಹೊಳೆಗಿಳಿದು ಮತ್ತೆ ಮರಳಾಗುತ್ತಿತ್ತು. ಅನ್ನದಿದ್ದರೆ ಅವನ ಬೆನ್ನು ಹತ್ತಿ ತಿರುಗುತ್ತಿತ್ತು.

ಕೇತಪ್ಪ ಎಂಬ ಶಿಷ್ಯ ಅಲ್ಲಿಗೆ ಬಂದದ್ದೇ ಮೊದಲ ಕಟ್ಟಳೆ ಮುರಿಯಲು. ಪಾಪ, ಅವನ ಸಂಕಟ ಅವನಿಗೆ. ತಾಯಿ ಸತ್ತ ಮೇಲೆ ಅವನನ್ನು ಸಾಕಿದವಳು ಅಕ್ಕ ನಾಗವ್ವ. ಮದುವೆಯಾಗಿ ಹೋದವಳು ಹಬ್ಬಕ್ಕೆಂದು ತವರಿಗೆ ಬಂದಿದ್ದಳು. ಯಾವುದೋ ಸಣ್ಣ ಮಾತಿಗೆ ಜಗಳ ಬಂತು.

"ಹೋಗು! ಮತ್ತೆ ಈ ಹೊಸಿಲು ತುಳಿಯಬೇಡ" ಎಂದುಬಿಟ್ಟ ಕೇತಪ್ಪ.

ಮಡಿಲಿಗೆ ಅಕ್ಕಿ ಹಾಕಲಿಲ್ಲ. ಹೊಳೆಯ ತನಕ ಹೋಗಿ ಕಳಿಸಲಿಲ್ಲ. ಅವಳು ಹತ್ತಿದ ಹರಿಗೋಲು ನಡುನೀರಿನಲ್ಲಿ ಮಗುಚಿಕೊಂಡಿತು.

ಅವನಿಗೆ ಬೇಕಾದದ್ದು ಅವಳ ಬಾಯಿಂದ ಒಂದೇ ಮಾತು. ಕ್ಷಮಿಸಿದ್ದೇನೆ ಎಂಬ ಮಾತು.

ವಿದ್ಯೆ ಕೈವಶವಾಯಿತು ಅನ್ನಿಸಿದ ದಿನ ಬೆಳಗ್ಗೆ ಅವನು ಒಬ್ಬನೇ ಹೊಳೆಗೆ ಹೋಗಿ ಮರಳು ಹಿಡಿದು ಊದಿದ. ನಾಗವ್ವ ಎದ್ದು ನಿಂತಳು. ಅದೇ ಹಸಿರು ಸೀರೆ, ಅದೇ ಸವೆದ ಬಳೆ.

"ಅಕ್ಕ, ನನ್ನನ್ನು ಕ್ಷಮಿಸಿದೆಯಾ?"

"ಕ್ಷಮಿಸಿದೆ ಕಣೋ, ತಮ್ಮ."

ಕೇತಪ್ಪ ಅವಳ ಕಾಲು ಹಿಡಿದು ಬಿಕ್ಕಿ ಬಿಕ್ಕಿ ಅತ್ತ. ಕಣ್ಣೊರೆಸಿಕೊಂಡು ಏಳುವಾಗ ಹಿಂದೆ ಗುರುಗಳು ನಿಂತಿದ್ದರು.

"ತಪ್ಪಾಯಿತು ಗುರುಗಳೇ. ಆದರೆ ಕೇಳಿಸಿಕೊಂಡಿರಲ್ಲ, ಅಕ್ಕ ಕ್ಷಮಿಸಿದಳು!"

ರೇವಯ್ಯ ಬೈಯಲಿಲ್ಲ. "ನಿನ್ನ ಅಕ್ಕ ಎಂಥವಳಪ್ಪ?" ಎಂದು ಕೇಳಿದರು.

"ಬಲು ಗಟ್ಟಿಗಿತ್ತಿ. ನಾನು ಹೂಂ ಅಂದರೆ ಅವಳು ಊಹೂಂ. ಕಿವಿ ಹಿಂಡದೆ ಒಂದು ದಿನ ಊಟ ಬಡಿಸಿದವಳಲ್ಲ."

"ಹಾಗಾದರೆ, ಕ್ಷಮಿಸಬೇಡ ಅನ್ನು ಅವಳಿಗೆ."

"ಅಯ್ಯೋ, ಯಾಕೆ?"

"ಅಂದು ನೋಡು."

ಕೇತಪ್ಪ ಅಕ್ಕನ ಕಡೆ ತಿರುಗಿದ. "ಅಕ್ಕ, ನನ್ನನ್ನು ಕ್ಷಮಿಸಬೇಡ."

"ಆಗಲಿ ತಮ್ಮ, ಕ್ಷಮಿಸುವುದಿಲ್ಲ." ಅವಳ ಮುಖದಲ್ಲಿ ಮೊದಲಿನ ನಗುವೇ ಇತ್ತು.

"ನಾನು ಹೇಳಿದ್ದು ಬಿಡು ಅಕ್ಕ! ನಿನ್ನ ಮನಸ್ಸಿನಲ್ಲಿ ಏನಿದೆಯೋ ಅದನ್ನು ಹೇಳು."

ಅವಳು ಅವನ ಮುಖವನ್ನೇ ನೋಡಿದಳು.

"ಏನು ಹೇಳಲಿ, ತಮ್ಮ?"

ಕೇತಪ್ಪ ಮರಳಿನ ಮೇಲೆ ಕುಸಿದು ಕೂತ. ಅಕ್ಕ ಸತ್ತ ದಿನವೂ ಅವನಿಗೆ ಇಷ್ಟು ದುಃಖ ಆಗಿರಲಿಲ್ಲ.

"ಇವಳು ನನ್ನ ಮಾತನ್ನೇ ಆಡುವವಳು ಅಂತ ಮೊದಲೇ ಯಾಕೆ ಹೇಳಲಿಲ್ಲ ಗುರುಗಳೇ?"

"ಹೇಳಿದ್ದರೆ ನಂಬುತ್ತಿದ್ದೆಯಾ?"

"ಇಲ್ಲ" ಎಂದ ಕೇತಪ್ಪ.

"ಏಳು. ಮಾಡಿದವನೇ ಕಳಿಸಬೇಕು" ಎಂದರು ರೇವಯ್ಯ.

"ಇನ್ನೊಂದು ಸಲ ಅವಳಿಗೆ ಹೋಗು ಅನ್ನಲೇ? ನನ್ನ ಕೈಲಾಗದು ಗುರುಗಳೇ."

ಗುರುಗಳು ಮಠದೊಳಗೆ ಹೋದರು. ಮೊರದಲ್ಲಿ ಅಕ್ಕಿ, ಕೊಬ್ಬರಿ, ಎಲೆ ಅಡಿಕೆ, ಕುಂಕುಮದ ಭರಣಿ ತಂದು ಅವನ ಮುಂದಿಟ್ಟರು.

ಕೇತಪ್ಪ ಮೊರ ಕೈಗೆತ್ತಿಕೊಂಡ. ಆಮೇಲೆ ಎದ್ದ. ಭರಣಿ ಚಾಚಿದ, ಅವಳು ಕುಂಕುಮ ಹಚ್ಚಿಕೊಂಡಳು. ಅವಳು ಒಡ್ಡಿದ ಸೆರಗಿಗೆ ಅಕ್ಕಿ ಹಾಕಿದ, ಕೊಬ್ಬರಿ ಹಾಕಿದ, ಎಲೆ ಅಡಿಕೆ ಇಟ್ಟ. ನೀರಿನ ತನಕ ಜೊತೆಯಲ್ಲಿ ನಡೆದ.

ಕ್ಷಮಿಸಿದೆಯಾ ಎಂದು ಮತ್ತೊಮ್ಮೆ ಕೇಳಲು ಮಾತು ಬಾಯಿವರೆಗೆ ಬಂತು. ನುಂಗಿಕೊಂಡ.

"ಹೋಗಿ ಬಾ, ಅಕ್ಕ."

ಅವಳು ಅವನನ್ನು ಒಮ್ಮೆ ನೋಡಿ ಹೊಳೆಗಿಳಿದಳು. ಸ್ವಲ್ಪ ಹೊತ್ತಿಗೆ ನೀರಿನ ತಳದಲ್ಲಿ ಮರಳು ಮಾತ್ರ ಇತ್ತು. ಅಕ್ಕಿಗೆ ಮೀನುಗಳು ಮುತ್ತಿದ್ದವು.

ಕೇತಪ್ಪ ಮೊಣಕಾಲುದ್ದ ನೀರಿನಲ್ಲೇ ನಿಂತಿದ್ದ.

"ಅವಳು ಏನೂ ಹೇಳಲಿಲ್ಲ, ಗುರುಗಳೇ."

"ನೀನು ಹೇಳಿಸಲಿಲ್ಲವಲ್ಲ. ಈಗ ಅವಳು ನಿನ್ನ ಅಕ್ಕ."