ಪಲ್ಲಕ್ಕಿ ಬೋಯಿಯ ಸಂಸ್ಕೃತ

ಹತ್ತಿರ ಬನ್ನಿ ಮಕ್ಕಳೇ, ಗೋಡೆಗೆ ಒರಗಿ ಕಾಲು ಚಾಚಿಕೊಳ್ಳಿ. ಇದು ದಣಿದವನ ಕತೆ, ದಣಿವಾರಿಸಿಕೊಂಡೇ ಕೇಳಬೇಕು.

ಗವಿದುರ್ಗದ ದೊರೆ ಚಿಕ್ಕಭೂಪ ಒಂದು ದಿನ ಡಂಗುರ ಹೊಡೆಸಿದ: "ಮಗಳು ಹೊನ್ನಾಜಿ ಮೂರು ಒಗಟು ಹಾಕುತ್ತಾಳೆ. ಬಿಡಿಸಿದವನಿಗೆ ಅವಳನ್ನೂ ಕೊಡುತ್ತೇನೆ, ಕೇಳಿದ ವರವನ್ನೂ ಕೊಡುತ್ತೇನೆ. ಒಂದು ತಪ್ಪಿದರೂ ಸೆರೆಮನೆ, ಅಮಾವಾಸ್ಯೆಗೆ ತಲೆದಂಡ."

ಊರೂರಿಂದ ಗಂಡುಗಳು ಬಂದರು. ಅವರನ್ನೆಲ್ಲ ಬೆಟ್ಟದ ಮೇಲಿನ ಅರಮನೆಗೆ ಹೊತ್ತು ತರುತ್ತಿದ್ದವನು ಕರಿಬೊಮ್ಮ, ಪಲ್ಲಕ್ಕಿಯ ಮುಂದಿನ ಬೋಯಿ. ಹಿಂದೆ ಹೊರುವವರಿಗೆ ದಾರಿ ಕಾಣುವುದಿಲ್ಲವಲ್ಲ, ಕಲ್ಲು ಸಗಣಿ ಕಂಡಲ್ಲಿ ಮುಂದಿನವನು ಕೂಗಿ ಹೇಳಬೇಕು. ಒಳಗೆ ಕೂತ ದೊಡ್ಡವರಿಗೆ ಆ ಕೂಗು ಕೇಳಿದರೆ ಸಿಡಿಮಿಡಿ. ಅದಕ್ಕೇ ಬೋಯಿಗಳು ಮಾತಿಗೆ ಸಂಸ್ಕೃತದ ಬಾಲ ಕಟ್ಟಿ, "ಕಲ್ಲಸ್ಯ ಎಡಂ, ಸಗಣಿಂ ದಾಟಃ" ಎಂದು ರಾಗವಾಗಿ ಹೇಳುತ್ತಿದ್ದರು. ಒಳಗಿನವರು ಯಾವುದೋ ಸ್ತೋತ್ರವೆಂದು ಕೈಮುಗಿಯುತ್ತಿದ್ದರು.

ಆವತ್ತು ಹೊತ್ತು ತಂದದ್ದು ಶೇಷಾವಧಾನಿ ಎಂಬ ಪಂಡಿತನನ್ನು, ಒಳ್ಳೆ ಭಾರದ ಆಳು. ಪಲ್ಲಕ್ಕಿ ಇಳಿಸಿ ಕರಿಬೊಮ್ಮ ಸಭೆಯ ಕಂಬಕ್ಕೆ ಒರಗಿ ನಿಂತ. ಹೊನ್ನಾಜಿ ಆಕಳಿಸುತ್ತಲೇ ಒಗಟು ಹಾಕಿದಳು.

"ಬಾಯಸ್ಯ ತುಂಬಂ ಬೆಂಕಿಃ, ಹೊಟ್ಟೆಯಸ್ಯ ತುಂಬಂ ಬೂದಿಃ. ಏನದು?"

ಹಿಂದೆ ಬಂದವನೊಬ್ಬ ಇದಕ್ಕೆ ಯಜ್ಞಪುರುಷ ಎಂದಿದ್ದ, ಇನ್ನೊಬ್ಬ ಪ್ರಳಯಕಾಲ ಎಂದಿದ್ದ. ಇಬ್ಬರೂ ಸೆರೆಯಲ್ಲಿದ್ದರು. ಅವಧಾನಿ ಕಣ್ಣು ಮುಚ್ಚಿ, ಯಾವ ಶಾಸ್ತ್ರದ ಮಾತೋ ಎಂದು ತಡಕಾಡಿ, ಸಾಕ್ಷಾತ್ ಪರಶಿವನೇ ಎಂದ. ಕಾವಲಿನವರು ಅವನ ತೋಳು ಹಿಡಿದರು.

ಕರಿಬೊಮ್ಮನಿಗೆ ನಗು ಬಂತು. ಅಣಕದ ನಗುವಲ್ಲ, ಸುಸ್ತಾದವರಿಗೆ ತಡೆಯಲಾಗದೆ ಬರುತ್ತದಲ್ಲ, ಅಂಥದ್ದು. ಸಭೆಯಲ್ಲಿ ನಕ್ಕವನು ತಾನೇ ಉತ್ತರ ಹೇಳಬೇಕು, ತಪ್ಪಿದರೆ ಅವನಿಗೂ ಅದೇ ಶಿಕ್ಷೆ ಎಂದ ದೊರೆ.

"ಒಲೆ, ಬುದ್ಧಿ," ಎಂದ ಕರಿಬೊಮ್ಮ.

ಹೊನ್ನಾಜಿ ನೆಟ್ಟಗೆ ಕೂತಳು. "ಹಗಲೆಲ್ಲಂ ಮನೆಯಂ ಸುತ್ತತಿ, ರಾತ್ರಿಯಂ ಮೂಲೆಯಸ್ಯ ನಿಲ್ಲತಿ?"

"ಪೊರಕೆ. ನಮ್ಮವ್ವ ದಿನಾ ಹಿಡೀತಾಳೆ."

"ಕಾಲಸ್ಯ ಇದ್ದಂ ನಡೆಯತಿ ಇಲ್ಲಃ, ಬಾಯಸ್ಯ ಇದ್ದಂ ನಗತಿ ಇಲ್ಲಃ?"

ಉತ್ತರ ಕರಿಬೊಮ್ಮನ ಎದುರಿಗೇ ದೊರೆಯ ಗದ್ದುಗೆಯಲ್ಲಿ ಕೂತಿತ್ತು, ಕಾಲುಮಣೆಯ ಮೇಲೆ ಊದಿದ ಕಾಲಿಟ್ಟುಕೊಂಡು. ಹೇಳಿದರೆ ತಲೆ ಹೋಗುತ್ತದೆ, ಹೇಳದಿದ್ದರೂ ಹೋಗುತ್ತದೆ. ಬೇರೆ ಉತ್ತರ ಹೆಣೆಯೋಣವೆಂದರೆ ಅಷ್ಟು ತ್ರಾಣವೂ ಅವನಲ್ಲಿ ಉಳಿದಿರಲಿಲ್ಲ.

"ಪಲ್ಲಕ್ಕಿಯೊಳಗೆ ಕೂತ ದೊಡ್ಡವರು, ಬುದ್ಧಿ. ತಾವೂ ಸೇರಿ."

ಹೊನ್ನಾಜಿ ಎದ್ದು ನಿಂತಳು. "ಸರಿಯಾಗಿದೆ ಅಪ್ಪಾಜಿ. ಪಲ್ಲಕ್ಕಿಯೊಳಗೆ ಕೂತು ಬೋಯಿಗಳಿಂದ ಚಿಕ್ಕಂದಿನಲ್ಲೇ ಕಲಿತ ಭಾಷೆ ಇದು. ಕೇಳಿ ನಗುವ ಗಂಡು ಒಬ್ಬನಾದರೂ ಬರಲಿ ಅಂತ ಕಾದೆ. ಬಂದವರೆಲ್ಲ ಶಾಸ್ತ್ರ ಹುಡುಕಿದರು. ಆ ಬಿಗಿದ ಮುಖಗಳನ್ನು ನೋಡಿ ನೋಡಿ ಸಾಕಾಗಿದೆ."

ದೊರೆ ತನ್ನ ಕಾಲು ನೋಡಿಕೊಂಡ, ಕರಿಬೊಮ್ಮನ ಮುಖ ನೋಡಿದ. ಎಷ್ಟು ವರ್ಷಗಳಿಂದ ಒಳಗೇ ಉಳಿದಿತ್ತೋ ಏನೋ, ಕೆಮ್ಮಿನ ಹಾಗೆ ಶುರುವಾಗಿ ನಗು ಬಂತು. ಕಣ್ಣೊರೆಸಿಕೊಂಡು, ವರ ಕೇಳು ಎಂದ.

"ಸೆರೆಯಲ್ಲಿರೋರನ್ನ ಬಿಟ್ಟುಬಿಡಿ. ಆದರೆ ಬೆಟ್ಟ ಇಳಿಯೋದು ಅವರವರ ಕಾಲ ಮೇಲೇ ಆಗಲಿ, ಬುದ್ಧಿ. ನನ್ನ ಕೈಲಿ ಇನ್ನಾಗೋದಿಲ್ಲ."

"ಮತ್ತೆ ಮದುವೆ?" ಎಂದಳು ಹೊನ್ನಾಜಿ.

"ಮೊದಲು ಒಂದು ನಿದ್ದೆ, ಅಮ್ಮಣ್ಣಿ."

ಅಲ್ಲೇ ಕಂಬದ ಬುಡದಲ್ಲಿ ಮಲಗಿದ. ಏಳುವವರೆಗೆ ಯಾರೂ ಓಲಗ ಊದಬಾರದೆಂದು ಅವಳು ಅಪ್ಪಣೆ ಮಾಡಿದಳು.

ಆಮೇಲೆ ಶೇಷಾವಧಾನಿ ಊರು ಸೇರಿ ಪಾಠಶಾಲೆ ತೆರೆದ. ಅಲ್ಲಿ ಹುಡುಗರು ನಕ್ಕರೆ ಬೈಯುತ್ತಿರಲಿಲ್ಲವಂತೆ. ದೊರೆ ನಡೆಯಲು ಕಲಿತ, ಕಾಲಿನ ಊತವೂ ಇಳಿಯಿತು. ಉಳಿದ ಬೋಯಿಗಳಿಗೆ ಹೊಲ ಸಿಕ್ಕಿತು. ಪಲ್ಲಕ್ಕಿಯೊಳಗೆ ಕೋಳಿ ಕಾವಿಗೆ ಕೂತಿತು. ಕರಿಬೊಮ್ಮ ಹೊನ್ನಾಜಿಯ ಕೈಹಿಡಿದು, ಮಾವನ ನಂತರ ದೊರೆಯಾದ. ಆದರೂ ಹೆಗಲ ಮೇಲಿನ ಗಂಟು ಮಾತ್ರ ಕರಗಲಿಲ್ಲ. ಮಳೆ ಬಂದಾಗ ಅದು ನೋಯುತ್ತಿತ್ತು. ಹೊನ್ನಾಜಿ ಹರಳೆಣ್ಣೆ ಬೆಚ್ಚಗೆ ಮಾಡಿ ತಾನೇ ತಿಕ್ಕುತ್ತಿದ್ದಳು, ಅವನು ನಿದ್ದೆ ಹೋಗುವವರೆಗೂ.